ಹಿಂದಕ್ಕೆ ಕಳಿಸಿದ ಸೈಕಲ್

ಮಾರ್ಚ್ 4, ಸೋಮವಾರ

ಹಲ್ಲುನೋವು. ದವಡೆ ಊದಿ ಮುಖ ಒಂದು ಕಡೆಗೆ ವಾಲಿದೆ. ರಜೆ ಕೇಳಿದರೆ ಸಾಹೇಬರು, "ಏನಮ್ಮಾ, ಬಾಯಲ್ಲಿ ಕೆಲಸ ಮಾಡ್ತೀರಾ?" ಅಂದರು. ಬಾಯಲ್ಲೇ ಮಾಡುವುದು ಮಹಾರಾಯರೇ! ಇದು ವಾಪಸ್, ಅದು ಬಿಡಿ, ಇದಕ್ಕೆ ಸುಂಕ ಕಟ್ಟಿಸಿ — ದಿನವಿಡೀ ಅರಚುವುದೇ ನನ್ನ ಹಣೆಬರಹ.

ಇವತ್ತು ಹಿಂದಿನ ಬಾಗಿಲಿನಿಂದ ಅಜ್ಜಂದಿರ ಕಾಲದ ಮರದ ಹಲಗೆ ಬಂತು. ಅಲ್ಲಿ ಅಗ್ಗ. ಮುಂದಿನ ಬಾಗಿಲಿನಿಂದ ಗಾಜಿನ ಜಾಡಿಗಳು, ಇನ್ನೂ ಹುಟ್ಟದವರು ಮಾಡಿದ್ದು. ಕಾಲದ ಸುಂಕದಕಟ್ಟೆಯಲ್ಲಿ ಇಷ್ಟು ವರ್ಷ ಸವೆಸಿದ ಮೇಲೂ ಇಂಥದ್ದನ್ನು ಬರೆಯುವಾಗ ತಲೆ ಗಿರ್ ಅನ್ನುತ್ತದೆ.

ಹೊಸ ಹಮಾಲಿ ಬಂದಿದ್ದಾನೆ. ನನಗಿಂತ ದೊಡ್ಡವನು. ಎಲ್ಲರಿಗೂ ಹೇಳುವ ಮೊದಲ ಪಾಠ ಹೇಳಿದೆ: "ಈ ಅಂಗಳದಲ್ಲಿ ಹಿಂದೆ ಅಂದ್ರೆ ಹೋದ ಕಾಲ, ಮುಂದೆ ಅಂದ್ರೆ ಬರೋ ಕಾಲ. ಬೇರೆ ಅರ್ಥ ಇಲ್ಲ. ಮಾಲು ಬಂದ ದಾರೀಲೇ ಹೋಗ್ಬೇಕಾದ್ರೆ 'ವಾಪಸ್' ಅಂತೀವಿ. ತಿಳೀತಾ?"

"ಸರಿ ಮೇಡಂ."

ಹೆಸರೇನು ಅಂದೆ. ಅದಕ್ಕೂ "ಸರಿ ಮೇಡಂ." ಇನ್ನು ಅವನ ಹೆಸರೇ ಸರಿಮೇಡಂ.

ಮಾರ್ಚ್ 5, ಮಂಗಳವಾರ. ಮಧ್ಯಾಹ್ನ

ಎಡವಟ್ಟಾಯಿತು.

ಮುಂದಿನ ಬಾಗಿಲಿನಿಂದ ಒಂದು ಸೈಕಲ್ ಬಂತು. ಕಳಿಸಿದವರ ರುಜು ಇಲ್ಲ. ರುಜು ಇಲ್ಲದ ಮಾಲು ಬಂದಲ್ಲಿಗೇ ಹೋಗಬೇಕು, ಅದು ನಿಯಮ. ದವಡೆ ಸಿಡಿಯುತ್ತಿತ್ತು. "ಅದನ್ನ ಹಿಂದಕ್ಕೆ ಕಳಿಸೋ ಮಾರಾಯ!" ಅಂದುಬಿಟ್ಟೆ.

"ಸರಿ ಮೇಡಂ." ಹಿಂದಿನ ಬಾಗಿಲಿಗೆ ತಳ್ಳೇಬಿಟ್ಟ. ಆ ಬಾಗಿಲಿನ ವರ್ಷ ತೋರಿಸುವ ಮುಳ್ಳು ನನ್ನ ಬಾಲ್ಯಕ್ಕೆ ತಿರುಗಿತ್ತು — ಬೆಳಿಗ್ಗೆ ಅಲ್ಲಿಗೆ ಉಪ್ಪು ಕಳಿಸಿದ್ದೆವು.

ಯಾರಿಗೂ ಹೇಳಿಲ್ಲ. ಆಗಲೂ ಸೈಕಲ್ ಇತ್ತಲ್ಲ, ಒಂದು ಹೆಚ್ಚಾದರೆ ಯಾರ ಗಂಟು ಹೋಯಿತು?

ಅದೇ ದಿನ, ಸಂಜೆ

ಮನೆಗೆ ಬಂದರೆ ಅಮ್ಮ ನಗುತ್ತಿದ್ದಳು. ಅಮ್ಮ! ನಗು!

ಅಡುಗೆಮನೆಯ ಕಟ್ಟೆಯ ಮೇಲೆ ಒಬ್ಬಳು ಹುಡುಗಿ, ನನ್ನ ಸ್ವೆಟರ್ ಹಾಕಿಕೊಂಡು. "ಅಕ್ಕಾ, ಹಲ್ಲು ಹೇಗಿದೆಯೇ? ಅಯ್ಯೋ, ಕೆನ್ನೆ ನೋಡು ಬನ್ ಆಗಿದೆ!"

ಯಾರಿವಳೋ ಗೊತ್ತಿಲ್ಲ. ಇವಳ ಮೊದಲ ಹಾಲುಹಲ್ಲು ಬಿದ್ದದ್ದು ನೆನಪಿದೆ. ಎರಡೂ ನಿಜ. ಕುರ್ಚಿ ಹಿಡಿದುಕೊಂಡು ಕೂತೆ.

ಕೆಲಸಕ್ಕೆ ಸೇರಿದಾಗಲೇ ಹೇಳಿದ್ದರು: ಏನಾದರೂ ಬದಲಾದರೆ ಅಂಗಳದಲ್ಲಿ ದುಡಿಯುವವರಿಗೆ ಮಾತ್ರ ಎರಡು ನೆನಪು ಉಳಿಯುತ್ತವೆ ಅಂತ. ನಕ್ಕಿದ್ದೆ.

ಒಂದು ನೆನಪು: ಅಮ್ಮನಿಗೆ ಎರಡನೆಯ ಹೆರಿಗೆ ನೋವು. ಅಪ್ಪ ನರ್ಸಮ್ಮನನ್ನು ಕರೆಯಲು ಓಡಿದ, ಕಾಲ್ನಡಿಗೆಯಲ್ಲಿ. ಬರುವಷ್ಟರಲ್ಲಿ ಮಗು ಉಳಿಯಲಿಲ್ಲ. ಅಂದಿನಿಂದ ಅಮ್ಮ ಅಗತ್ಯವಿದ್ದಷ್ಟೇ ಮಾತಾಡಿದವಳು.

ಇನ್ನೊಂದು: ಸುಂಕದಕಟ್ಟೆಯಲ್ಲಿ ವಾರಸುದಾರರಿಲ್ಲದ ಮಾಲು ಹರಾಜು ಹಾಕಿದಾಗ ಅಪ್ಪ ಒಂದು ಸೈಕಲ್ ಕೊಂಡಿದ್ದ. ನರ್ಸಮ್ಮ ಕ್ಯಾರಿಯರ್ ಮೇಲೆ ಕೂತು ಬಂದರು. ಮಗು ಕಿರುಚಿತು. ಇವತ್ತಿಗೂ ಕಿರುಚುತ್ತಿದೆ.

ಮಾರ್ಚ್ 9, ಶನಿವಾರ

ನನ್ನ ಒಳ್ಳೆಯ ಚಪ್ಪಲಿ ಮೆಟ್ಟಿಕೊಂಡು ಹೋಗಿದ್ದಾಳೆ ಮಾರಿ. ಕೇಳಿದರೆ, "ನಿನ್ನ ಕಾಲಿಗೆ ಅದು ಚೆಂದ ಕಾಣಲ್ಲ ಬಿಡಕ್ಕ." ಮೈ ಉರಿಯಿತು. ಬಂದು ವಾರವಾಗಿಲ್ಲ, ಇಪ್ಪತ್ತು ವರ್ಷದ ಸಿಟ್ಟು! ಅಮ್ಮ ಎಂದಿನಂತೆ ಅವಳ ಪರ. ಎಂದಿನಂತೆ... ಯಾವ ಎಂದಿನಂತೆ?

"ಅಮ್ಮಾ, ಎರಡನೇ ಹೆರಿಗೇಲಿ ಕಷ್ಟ ಆಗಿತ್ತಲ್ವಾ?" ಅಂದೆ ಮೆಲ್ಲಗೆ.

"ಕಷ್ಟ ಆಗ ಅಲ್ಲ ಕಣೇ, ಈಗ ಆಗ್ತಿರೋದು. ಮನೇಲಿ ಒಂದು ನಿಮಿಷ ನಿಲ್ಲಲ್ಲ ಇವಳು," ಅಂತ ಅಮ್ಮ ಹಿತ್ತಲ ಕಡೆ ನೋಡಿದಳು. ಸೈಕಲ್ ಅಲ್ಲೇ ಇದೆ, ಅದೇ ಸೈಕಲ್. ಹಿಂದಿನ ಬಾಗಿಲಿನಿಂದಲೇ ಅವಳ ಓಡಾಟ.

ಖುಷಿಯಾಗಿದ್ದೇನೆ. ಹೇಳಲು ನಾಚಿಕೆ ಏಕೆ, ಖುಷಿಯಾಗಿದ್ದೇನೆ.

ಮಾರ್ಚ್ 19, ಮಂಗಳವಾರ

ಸಾಹೇಬರು ಒಳಗೆ ಕರೆದರು. ಹಿಂದಿನ ಕಟ್ಟೆಯವರು ಕೇಳಿದ್ದಾರಂತೆ, ಯಾರೂ ಕಳಿಸದ ಸೈಕಲ್ ತಮ್ಮಲ್ಲಿ ಹರಾಜಾದದ್ದು ಹೇಗೆ ಅಂತ. ಎಲ್ಲ ಹೇಳಿದೆ. ತಂಗಿಯ ವಿಷಯವೂ.

ಅವರು ಕನ್ನಡಕ ತೆಗೆದರು, ಹಾಕಿದರು. ಒಂಬತ್ತನೆಯ ಕಲಂ ಓದಿದರು: ತಪ್ಪಿ ಹೋದ ಮಾಲನ್ನು, ಅದರಿಂದಾದ ಲಾಭ ಸಮೇತ, ರದ್ದು ಮಾಡತಕ್ಕದ್ದು.

"ನನ್ನ ತಂಗಿ ಲಾಭಾನಾ ಸರ್?"

"ನಷ್ಟ ಅಂತೂ ಅಲ್ವಲ್ಲಮ್ಮ," ಅಂದರು.

ಆದೇಶ ಹಿಂದಿನ ಬಾಗಿಲಿನಿಂದ ಹೋದರೆ ಅಲ್ಲಿನವರು ಹರಾಜಿಗೆ ಮುಂಚೆಯೇ ಸೈಕಲ್ ಹಿಡಿಯುತ್ತಾರೆ. ಅಪ್ಪ ಮತ್ತೆ ಕಾಲ್ನಡಿಗೆ. ಇವಳು... ಬರೆಯಲಾರೆ. ನೆನಪು ಮಾತ್ರ ನನಗೆ ಉಳಿಯುತ್ತದೆ. ನನಗೊಬ್ಬಳಿಗೇ.

ಮನೆಗೆ ಬಂದು ಚಪ್ಪಲಿ ಅವಳಿಗೇ ಕೊಟ್ಟೆ. "ಅಕ್ಕಾ, ಜ್ವರಾನಾ?" ಅಂತ ಹಣೆ ಮುಟ್ಟಿ ನೋಡಿದಳು.

ಮಾರ್ಚ್ 21, ಗುರುವಾರ. ಮಧ್ಯಾಹ್ನ

ಅಕ್ಷರ ಸೊಟ್ಟ, ಇರಲಿ.

ಸಾಹೇಬರು ಆದೇಶ ಹಿಡಿದುಕೊಂಡು ಅಂಗಳಕ್ಕೇ ಬಂದರು. ಮೊಹರು ಬಿದ್ದಿತ್ತು. ಹಿಂದಿನ ಬಾಗಿಲು ತೆರೆದಿತ್ತು. ಸರಿಮೇಡಂ ತಳ್ಳುಗಾಡಿ ಹಿಡಿದು ನಿಂತಿದ್ದ.

"ಸರ್, ಒಂದು ವಾರ ಕೊಡಿ ಸರ್. ಒಂದೇ ವಾರ." ಎಲ್ಲರ ಎದುರು ಅತ್ತೆ. ಅತ್ತರೇನಂತೆ.

ಸಾಹೇಬರು ಎರಡು ಬಾಗಿಲೂ ನೋಡಿದರು. ಕಾಗದ ಗಾಡಿಯಲ್ಲಿಟ್ಟರು. "ಸರಿ. ಮುಂದಕ್ಕೆ ಹಾಕಿ," ಅಂದು ಹೊರಟೇಬಿಟ್ಟರು.

"ಸರಿ ಸರ್." ಸರಿಮೇಡಂ ಗಾಡಿ ತಿರುಗಿಸಿದ. ಮುಂದಿನ ಬಾಗಿಲಿನ ಕಡೆಗೆ.

ಬಾಯಿ ತೆರೆದೆ. 'ವಾಪಸ್' — ಒಂದು ಪದ ಸಾಕಿತ್ತು, ನಾಲಿಗೆಯ ತುದಿಯಲ್ಲೇ ಇತ್ತು. ಹಲ್ಲು ಈಗ ನೋಯುತ್ತಿಲ್ಲ. ಆದರೂ ಕೆನ್ನೆ ಹಿಡಿದುಕೊಂಡು ಸುಮ್ಮನೆ ಕೂತೆ.

ಆದೇಶ ಹೋಯಿತು. ಎಷ್ಟು ವರ್ಷ ಮುಂದಕ್ಕೋ, ಮುಳ್ಳು ನೋಡಲಿಲ್ಲ.

ಈ ಅಂಗಳದಲ್ಲಿ 'ಮುಂದಕ್ಕೆ' ಅನ್ನುವ ಮಾತನ್ನು ಬೇರೆ ಅರ್ಥದಲ್ಲಿ ಆಡಬಾರದೆಂದು ನಮಗೆಲ್ಲ ಕಲಿಸಿದವರೇ ಸಾಹೇಬರು. ಗೊತ್ತಿದ್ದೇ ಅಂದರೋ? ಬಾಯಿ ತಪ್ಪಿತೋ? ಕೇಳುವ ಧೈರ್ಯ ನನಗಿಲ್ಲ.

ಸಂಜೆ

ಆ ಆದೇಶ ಒಂದಲ್ಲ ಒಂದು ದಿನ ಬಂದು ಬೀಳುತ್ತದೆ. ಆ ದಿನ ಅದನ್ನು ಮತ್ತೆ ಮುಂದಕ್ಕೆ ತಳ್ಳಲು ಆ ಮೇಜಿನಲ್ಲಿ ನಾನೇ ಇರಬೇಕು. ವರ್ಗ ಬೇಡ, ಬಡ್ತಿಯೂ ಬೇಡ. ನಾಳೆಯೇ ಸಾಹೇಬರಿಗೆ ಹೇಳಿ —

ಸೈಕಲ್ ಬೆಲ್. ಬಂದಳು. ಅಯ್ಯೋ, ಹಿತ್ತಲಿಗೆ ಹೋಗದೆ ಇವತ್ತೇನು ಈ ಕಡೆ —

"ಅಕ್ಕಾ, ಕೈ ತುಂಬಾ ಸಾಮಾನು ಕಣೇ! ಮುಂದಿನ ಬಾಗಿಲು ತೆಗಿ!"

ತೆಗೆದೆ ಕಣೇ, ತೆಗೆ —