ಬನಿಯನ್ ತೊಟ್ಟ ಕಪ್ತಾನ

ಜೆನೋವಾ
ಸೆಪ್ಟೆಂಬರ್ 26, ಗುರುವಾರ

ಪ್ರೀತಿಯ ಪೆಲೆಗ್ರಾ ಅಕ್ಕನಿಗೆ,

ನಿನ್ನ ತಮ್ಮ ಪ್ರೊಸ್ಪೆರೊ ಮಾಡುವ ನಮಸ್ಕಾರಗಳು.

ಜೆನೋವಾ ಮಹಾನಗರದ ಸಮಸ್ತ ನಾಗರಿಕರಿಗೂ, ಬಂದರಿನಲ್ಲಿ ಲಂಗರು ಹಾಕಿರುವ ಸಕಲ ಹಡಗುಗಳಿಗೂ, ಕಮೋಲಿಯಲ್ಲಿ ಮಗಳ ಮನೆಯ ಬಾಲ್ಕನಿಯಲ್ಲಿ ಸೊಂಟ ಸರಿಮಾಡಿಕೊಳ್ಳುತ್ತ ಕೂತಿರುವ ನಿನಗೂ ಈ ಮೂಲಕ ಘೋಷಿಸುವುದೇನೆಂದರೆ: ನಿನ್ನ ಅಡುಗೆಮನೆ ಕಿಟಕಿಯ ಕಾಮಕಸ್ತೂರಿ ಗಿಡ ಬದುಕಿದೆ. ಬದುಕಿದೆ ಅಷ್ಟೇ ಅಲ್ಲ, ಹೊಸ ಕುಡಿಯೊಡೆದಿದೆ. ಹಡಗೆಳೆಯುವ ದೋಣಿಯಲ್ಲಿ ಜೀವಮಾನ ಕಳೆದ ಕೈಗೆ ಗಿಡ ಒಲಿಯುವುದಿಲ್ಲ ಎಂದು ಭವಿಷ್ಯ ನುಡಿದಿದ್ದ ಪಕ್ಕದ ಮನೆ ತೊಮಾಸೀನಾ ಖುದ್ದಾಗಿ ಬಂದು, ಕನ್ನಡಕ ಏರಿಸಿ, ಒಂದು ಎಲೆ ಜಿಗುಟಿ ಮೂಸಿ, "ಹೂಂ, ನಿಜವಾದ್ದೇ" ಎಂದು ಸರ್ಟಿಫಿಕೇಟು ಕೊಟ್ಟು ಹೋದಳು.

ಪತ್ರ ತಡವಾಯಿತು, ಕ್ಷಮಿಸು. ದಿನಾ ಸಂಜೆ ಫೋನಿನಲ್ಲಿ ಮಾತಾಡುವವನಿಗೆ ಪತ್ರ ಯಾಕೆ ಎಂದು ನೀನು ಕೇಳಬಹುದು. ಫೋನಿನಲ್ಲಿ ನಿನ್ನ ಮೊದಲ ಪ್ರಶ್ನೆಯೇ, "ಅವನು ಹೇಗಿದಾನೆ?"

"ಚೆನ್ನಾಗಿದಾನೆ ಅಕ್ಕಾ."

"ಬೆಳಗ್ಗೆ ಕಿಟಕಿ ತೆಗೆದ್ಯಾ? ನನ್ನ ಹೆಸರಲ್ಲಿ ಗೊಣಗಿದ್ಯಾ?"

"ಗೊಣಗ್ದೆ."

"ಏನಂದ?"

"ಏನೂ ಅನ್ಲಿಲ್ಲ."

"ಹಾಗಾದ್ರೆ ಸರಿಯಾಗೇ ಇದಾನೆ ಬಿಡು."

ಎದುರು ಗೋಡೆಯ ಮೇಲೆ ಬಣ್ಣದಲ್ಲಿ ಕೂತ ಗಂಡನ ಕ್ಷೇಮವನ್ನು ಫೋನಿನಲ್ಲಿ ವಿಚಾರಿಸುವ ಹೆಂಗಸು ಇಡೀ ಇಟಲಿಯಲ್ಲಿ ನೀನೊಬ್ಬಳೇ ಇರಬೇಕು. ಅವಳಿಗೆ ದಿನಾ ಸುಳ್ಳು ಹೇಳುವ ತಮ್ಮನೂ ನಾನೊಬ್ಬನೇ ಇರಬೇಕು. ಭಾನುವಾರ ನೀನು ಮನೆಗೆ ಬರುತ್ತೀ. ಬಂದವಳು ಕೋಲನ್ನು ಮೂಲೆಗಿಡುವ ಮೊದಲೇ ಅಡುಗೆಮನೆಯ ಹಸಿರು ಕಿಟಕಿ ಬಾಗಿಲು ತೆಗೆಯುತ್ತೀ. ಅಲ್ಲಿ ಏನು ಕಾಣುತ್ತದೆ ಎಂಬುದನ್ನು ಅದಕ್ಕೆ ಮುಂಚೆ ನಾನೇ ತಿಳಿಸಬೇಕು. ಎದುರಿಗೆ ನಿಂತು ಹೇಳುವ ಧೈರ್ಯ ನನಗಿಲ್ಲ. ಆದ್ದರಿಂದ ತೊಮಾಸೀನಾಳ ಕೈಚೀಲದಲ್ಲಿ ಈ ಪತ್ರವನ್ನು ಕಳಿಸುತ್ತಿದ್ದೇನೆ. ನಾಳೆ ಅವಳು ತಂಗಿಯನ್ನು ನೋಡಲು ಕಮೋಲಿಗೆ ಬರುತ್ತಾಳೆ, ಸಂಜೆಯ ರೈಲಿಗೆ ವಾಪಸು.

ಇದಕ್ಕೆಲ್ಲ ಮೂಲ ಕ್ಷೌರದಂಗಡಿಯ ಶಾಕಲೂಗಾ. ನೀನು ಕಮೋಲಿಗೆ ಹೊರಟ ವಾರ ಅವನ ಕುರ್ಚಿಯಲ್ಲಿ ಕೂತು ನಾನು ನಿವೃತ್ತಿಯ ಬೇಸರ ತೋಡಿಕೊಳ್ಳುತ್ತಿದ್ದೆ. ಅವನು ಕತ್ತರಿಯಾಡಿಸುತ್ತ, "ಹಡಗಲ್ಲಿ ಬರೋ ಪ್ರವಾಸಿಗಳೆಲ್ಲ ಅದೇ ದೀಪಸ್ತಂಭ, ಅದೇ ಮೀನಿನ ಅಕ್ವೇರಿಯಂ ನೋಡ್ಕೊಂಡು ಹೋಗ್ತಾರೆ ಕಣಯ್ಯ. ಯಾರೂ ನೋಡದ ಊರನ್ನ ನೀನು ತೋರಿಸು. ಹೇಗೂ ನಿನ್ನ ಬಾಯಿಗೆ ಕೆಲಸವಿಲ್ಲ" ಎಂದ. ತಮಾಷೆ ಏನೆಂದರೆ, ಆ ಊರನ್ನು ನಾನೂ ನೋಡಿರಲಿಲ್ಲ. ಜೀವನವಿಡೀ ನಾನು ನೋಡಿದ್ದು ಹಡಗುಗಳ ಹಿಂಭಾಗವನ್ನು. ಊರು ನನ್ನ ಬೆನ್ನ ಹಿಂದೆ ಎಲ್ಲೋ ಇತ್ತು.

ಹೊರಟೆ. ಅಂಗಡಿಗಳ ನೆತ್ತಿಯ ಮೇಲೆ ಹತ್ತಿ ಕೂತ ಚರ್ಚನ್ನು ಮೊದಲ ಬಾರಿಗೆ ತಲೆಯೆತ್ತಿ ನೋಡಿದೆ. ಅದರ ಕೆಳಗೇ ನಾನು ಎಷ್ಟು ವರ್ಷ ಬೂಟು ರಿಪೇರಿಗೆ ಕೊಟ್ಟಿದ್ದೇನೋ! ಅಜ್ಜಿ ಬಟ್ಟೆ ಒಗೆಯುತ್ತಿದ್ದ ಸಾಂತ ಬ್ರಿಜಿದಾದ ಕಲ್ಲುತೊಟ್ಟಿಗಳನ್ನು ಹುಡುಕಿಕೊಂಡು ಹೋದೆ. ಓಣಿಯ ಮೂಲೆಮೂಲೆಯ ಮಾತೆ ಮರಿಯಳ ಗೂಡುಗಳಲ್ಲಿ ಒಂದಕ್ಕೆ ಯಾರೋ ಇಂದಿಗೂ ತಾಜಾ ಹೂವಿಡುತ್ತಾರೆ. ಯಾರೆಂದು ಪತ್ತೆಹಚ್ಚಲು ಬೆಳಗಿನ ಜಾವ ಕಾದು ನಿಂತರೆ, ಬಂದವನು ನಮ್ಮ ಬೋಟಿ ಅಂಗಡಿಯ ಮುಂಗೋಪಿ ಲಾಜ್ಜಾರೊ! ನನ್ನನ್ನು ಕಂಡು ಹೂವನ್ನು ಬೆನ್ನ ಹಿಂದೆ ಅಡಗಿಸಿ, "ಏನ್ ನೋಡ್ತಿದೀಯಾ? ಗೋಡೆ ನೋಡಿಲ್ವಾ?" ಎಂದು ಗದರಿದ. ಈ ಊರಿನವರು ಒಳ್ಳೆಯತನ ಮಾಡುವಾಗ ಸಿಕ್ಕಿಬಿದ್ದರೆ ಕಳ್ಳರಿಗಿಂತ ಕಡೆಯಾಗಿ ನಾಚುತ್ತಾರೆ.

ಮೊದಲ ಸುತ್ತಾಟಕ್ಕೆ ತೊರಿನೊದಿಂದ ಬಂದ ಒಂದು ಸಣ್ಣ ಗುಂಪು ಸಿಕ್ಕಿತು. ಚರ್ಚು, ತೊಟ್ಟಿ, ಮರದ ಬೆಂಚಿರುವ ಹಳೆಯ ಲಿಫ್ಟು ಎಲ್ಲ ತೋರಿಸಿದ್ದಾಯಿತು. ನನ್ನ ಸರಕು ಮುಗಿಯಿತು, ಅವರ ಉತ್ಸಾಹ ಮುಗಿಯಲಿಲ್ಲ. ನಿನ್ನ ಓಣಿಯಲ್ಲಿ ಹಾಯುವಾಗ ಅವರಲ್ಲೊಬ್ಬ ಹೆಂಗಸು ಬೆಚ್ಚಿ ಮೇಲೆ ನೋಡಿದಳು.

"ಅಯ್ಯೋ, ಯಾರೋ ನಮ್ಮನ್ನೇ ನೋಡ್ತಿದಾರೆ!"

"ಅದು ಬಣ್ಣದ ಕಿಟಕಿ ಕಣಮ್ಮ" ಎಂದೆ. "ಗೋಡೆ ಬೋಳಾಗಿ ಕಂಡ್ರೆ ಬಾಗಿಲು, ಪರದೆ, ಹೂಕುಂಡ ಸಮೇತ ಒಂದು ಕಿಟಕಿ ಬರೆದುಬಿಡೋದು ನಮ್ಮೂರ ಚಾಳಿ."

"ಕಿಟಕಿ ಸರಿ. ಆ ಮನುಷ್ಯ ಯಾರು?"

ಅಕ್ಕಾ, ಇಲ್ಲೇ ನೋಡು. ನಿಜ ಹೇಳಲು ನನಗೆ ಯಾವ ಅಡ್ಡಿಯಿತ್ತು? ಊರಿನ ಅರ್ಧ ಸುಳ್ಳು ಕಿಟಕಿಗಳನ್ನು ಬರೆದ ನಮ್ಮ ಬಾರ್ತೊ ಭಾವ ಅವನು ಎನ್ನಬಹುದಿತ್ತು. "ನೀನು ಬೆಳಗಾದ್ರೆ ಊರವರ ಗೋಡೆಗೆ ಹೋಗ್ತೀಯ, ನಾನು ಯಾರ ಹತ್ರ ಜಗಳ ಆಡ್ಲಿ, ಈ ಬೋಳು ಗೋಡೆ ಹತ್ರಾನಾ?" ಎಂದು ನೀನು ಮದುವೆಯಾದ ಹೊಸದರಲ್ಲಿ ಹಾರಾಡಿದ್ದಕ್ಕೆ, ಒಂದು ಭಾನುವಾರ ಎದುರು ಗೋಡೆಗೆ ಸಾರುವೆ ಕಟ್ಟಿ, ತೇಪೆ ಹಾಕಿದ ಬನಿಯನ್ನಿನಲ್ಲಿ, ಮೊಣಕೈಯೂರಿ, ಕೈಯಲ್ಲಿ ಅರ್ಧ ಕಚ್ಚಿದ ಫೊಕಾಚ್ಚಾ ರೊಟ್ಟಿ ಹಿಡಿದು, ಇನ್ನೇನು ಎದುರುತ್ತರ ಕೊಡುವವನಂತೆ ಬಾಯಿ ತೆರೆದ ತನ್ನನ್ನೇ ಬರೆದುಕೊಂಡ ಎನ್ನಬಹುದಿತ್ತು. ಅವನು ಹೋದ ಮೇಲೂ ನೀನು ಹಾಲು ಕಾಫಿಗೆ ಫೊಕಾಚ್ಚಾ ಅದ್ದಿಕೊಂಡು ದಿನಾ ಅವನಿಗೆ ಬೈಯುತ್ತೀ ಎನ್ನಬಹುದಿತ್ತು. ಆದರೆ ತೊರಿನೊದವರ ಮುಂದೆ ಮನೆಯ ಮಾತು ಯಾಕೆ ಅನ್ನಿಸಿತೋ, ಅಥವಾ ನಾಲಿಗೆಯ ತುರಿಕೆಯೋ.

"ಕಪ್ತಾನ ಒಬೆರ್ತೊ" ಎಂದುಬಿಟ್ಟೆ. "ಮುನ್ನೂರು ವರ್ಷದ ಹಿಂದಿನವನು. ಮಹಾ ಸಂಶಯಪಿಶಾಚಿ. ಸಮುದ್ರಕ್ಕೆ ಹೋಗೋವಾಗ ಹೆಂಡ್ತಿ ಮೇಲೆ ಕಣ್ಣಿಡೋಕೆ ತನ್ನ ಚಿತ್ರವನ್ನೇ ಎದುರಿಗೆ ಬರೆಸಿದ."

"ಕಪ್ತಾನ ಬನಿಯನ್ ಹಾಕ್ಕೊಂಡಿದಾನಲ್ಲ?" ಎಂದ ಅವಳ ಗಂಡ.

"ಸೆಕೆ" ಎಂದೆ.

ಆ ಹೆಂಗಸು ಎದೆಯ ಮೇಲೆ ಕೈಯಿಟ್ಟುಕೊಂಡು ನಿಟ್ಟುಸಿರಿಟ್ಟಳು. ಆ ನಿಟ್ಟುಸಿರು ನನ್ನ ತಲೆಗೇರಿತು. ಮುಂದಿನ ಸುತ್ತಾಟದಲ್ಲಿ ಕಪ್ತಾನನಿಗೆ ಕತ್ತಿಯ ಗಾಯವಾಯಿತು. ಅದರ ಮುಂದಿನದರಲ್ಲಿ ಒಂದು ದ್ವಂದ್ವಯುದ್ಧ. ಆಗಸ್ಟ್ ಹೊತ್ತಿಗೆ ನವದಂಪತಿಗಳು ಬಂದು ನಿಂತು ಚಿತ್ರ ತೆಗೆಸಿಕೊಳ್ಳತೊಡಗಿದರು. ತೊಮಾಸೀನಾ ತನ್ನ ಕಿಟಕಿ ಬಾಗಿಲಿನ ಕೆಳಭಾಗವನ್ನು ಹೊರಕ್ಕೆ ಎತ್ತಿ ಕೂಗಿದಳು: "ಏನಯ್ಯ ಪ್ರೊಸ್ಪೆರೊ, ನಿನ್ನ ಭಾವನಿಗೆ ಬಡ್ತಿ ಯಾವಾಗ ಸಿಕ್ತು? ಸಾಯೋವಾಗ ಪೇಂಟರ್ ಆಗಿದ್ದ!"

ಗುಂಪಿನವರು ಏನೆಂದು ಕೇಳಿದರು. ಪಾಪ, ಆಕೆಗೆ ತಲೆ ಸರಿಯಿಲ್ಲ ಎಂದೆ. ಇದೂ ತಪ್ಪೇ. ಆ ವಾರವೆಲ್ಲ ಅವಳು ಎಂದಿನಂತೆ ನನಗೆ ತಾನು ಅರೆದ ಕಾಮಕಸ್ತೂರಿ ಸಾಸ್ ಕೊಡಲಿಲ್ಲ.

ಎದುರು ಮನೆಯನ್ನು ಈಗ ಹೊರಗಿನವರು ಕೊಂಡಿರುವುದು ನಿನಗೆ ಗೊತ್ತಲ್ಲ. ಭಾವನನ್ನು ಕಂಡವರು ಆ ಮನೆಯಲ್ಲಿ ಯಾರೂ ಉಳಿದಿಲ್ಲ. ತಮ್ಮ ಗೋಡೆಗೆ ಇಷ್ಟು ಕೀರ್ತಿ ಬಂದದ್ದು ಕಂಡು ಅವರು ಕಪ್ತಾನನನ್ನು ದುರಸ್ತಿ ಮಾಡಿಸಲು ತೀರ್ಮಾನಿಸಿದರು. ಅದಕ್ಕೆ ಬಂದವಳು ಒತ್ತಾವಿಯಾ, ಹಳೆಯ ಚಿತ್ರಗಳಿಗೆ ಜೀವ ಕೊಡುವ ಹುಡುಗಿ. ಒಳ್ಳೆಯವಳು. ಲಾಜ್ಜಾರೊನ ಅಂಗಡಿಯಲ್ಲಿ ನಾನು ಬೋಟಿ ಸಾರಿಗೆ ಬ್ರೆಡ್ಡು ಅದ್ದುತ್ತಿದ್ದಾಗ ನನ್ನ ಮೇಜಿಗೆ ಬಂದು ಕೂತಳು.

"ಪ್ರೊಸ್ಪೆರೊ ಅವರೇ, ಕಪ್ತಾನರ ಇತಿಹಾಸ ನಿಮಗೇ ಚೆನ್ನಾಗಿ ಗೊತ್ತಂತೆ. ಮೇಲಿನ ಬಣ್ಣ ಹಳೇದಲ್ಲ. ಯಾರೋ ಇತ್ತೀಚೆಗೆ ತಮಾಷೆಗೆ ಅವರಿಗೆ ಬನಿಯನ್ ತೊಡಿಸಿದಾರೆ. ಅದನ್ನ ಕೆರೆದ್ರೆ ಅಡಿಯಲ್ಲಿ ನಿಜವಾದ ಕೋಟು ಸಿಗುತ್ತೆ. ಯಾವ ಬಣ್ಣದ್ದಿರಬಹುದು?"

ಅಂಗಡಿಯೆಲ್ಲ ಕಿವಿಗೊಟ್ಟಿತು. ಶಾಕಲೂಗಾ ನನ್ನನ್ನೇ ನೋಡುತ್ತಿದ್ದ. ಈಗ ನಿಜ ಹೇಳಿದರೆ ಬೇಸಿಗೆಯಿಡೀ ಹೇಳಿದ್ದೆಲ್ಲ ಬುರುಡೆ ಎಂದು ಅಲ್ಲೇ, ಸೌಟು ಹಿಡಿದ ಲಾಜ್ಜಾರೊನ ಎದುರಿಗೇ ಒಪ್ಪಿಕೊಳ್ಳಬೇಕಿತ್ತು. ಆಮೇಲೆ ಅವಳೊಬ್ಬಳೇ ಸಿಕ್ಕಾಗ ಹೇಳೋಣ ಎಂದುಕೊಂಡೆ.

"ನೀಲಿ" ಎಂದೆ. "ಚಿನ್ನದ ಗುಂಡಿ."

ಆಮೇಲೆ ಎಂಬುದು ಬರಲಿಲ್ಲ. ತೊಮಾಸೀನಾ ಹೇಳುತ್ತಾಳೆ ಎಂದು ನಾನು ಸುಮ್ಮನಿದ್ದೆ. ನಾನು ಹೇಳುತ್ತೇನೆ ಎಂದು ಅವಳು ಸುಮ್ಮನಿದ್ದಳಂತೆ. "ಅದು ನಿನ್ನ ಅಕ್ಕನ ಗಂಡ ಕಣಯ್ಯ, ನನ್ನ ಗಂಡನಾ?" ಎಂದು ಈಗ ಕೇಳುತ್ತಾಳೆ. ಸಾರುವೆ ಎದ್ದಿತು, ಪರದೆ ಬಿತ್ತು. ಒತ್ತಾವಿಯಾ ಬನಿಯನ್ ಕೆರೆದಳು. ಅಡಿಯಲ್ಲಿ ನೀಲಿಯೂ ಇಲ್ಲ, ಚಿನ್ನವೂ ಇಲ್ಲ, ಬರೀ ಸುಣ್ಣ. ಹಳೆಯದು ಪೂರ್ತಿ ಉದುರಿಹೋಗಿದೆ ಎಂದುಕೊಂಡು, ನನ್ನ ಮಾತನ್ನೇ ಆಧಾರವಾಗಿಟ್ಟುಕೊಂಡು ಹೊಸದಾಗಿ ಬರೆದಳು. ಅದೇ ಹೊತ್ತಿಗೆ ನಾನು ಕಲ್ಲುತೊಟ್ಟಿಗಳ ಹತ್ತಿರ ನಿಂತು ಜರ್ಮನಿಯವರಿಗೆ ಅದೇ ಕಪ್ತಾನನ ಕಥೆ ಹೇಳುತ್ತಿದ್ದೆ. ಅವರು ಚಪ್ಪಾಳೆ ತಟ್ಟಿದರು.

ಸೋಮವಾರ ಪರದೆ ಸರಿಸಿದರು. ಮಂಗಳವಾರ ಬೆಳಗ್ಗೆ ಎಂದಿನಂತೆ ನಿನ್ನ ಕಿಟಕಿ ತೆಗೆದು, ನಿನ್ನ ಹೆಸರಿನಲ್ಲಿ, "ಏನಪ್ಪ, ಇನ್ನೂ ಹಲ್ಲುಜ್ಜಿಲ್ವಾ" ಎಂದು ಶುರುಮಾಡಿದೆ. ಎದುರಿಗೆ ನೀಲಿ ಕೋಟು. ಮಾತು ಅಲ್ಲೇ ನಿಂತಿತು. ಅಂಥ ಕೋಟು ತೊಟ್ಟವನಿಗೆ ಗೊಣಗಲು ಆಗುವುದಿಲ್ಲ, ಅಕ್ಕಾ. "ತಾವು" ಎನ್ನಬೇಕಾಗುತ್ತದೆ.

ಇದಿಷ್ಟು ಸಂಗತಿ. ಕೋಟು ಅಲ್ಲವೇ, ಬಿಚ್ಚಿದರಾಯಿತು ಎಂದು ನನಗೆ ನಾನೇ ಸಮಾಧಾನ ಹೇಳಿಕೊಳ್ಳುತ್ತಿದ್ದೇನೆ. ಇನ್ನು ಯಾವ ಸುತ್ತಾಟವನ್ನೂ ನಾನು ನಡೆಸುವುದಿಲ್ಲ. ಕಪ್ತಾನ ಇರಲೇ ಇಲ್ಲ ಎಂದು ಬೋಟಿ ಅಂಗಡಿಯಲ್ಲಿ ಎಲ್ಲರ ಮುಂದೆ ಹೇಳಿದ್ದೇನೆ. ಲಾಜ್ಜಾರೊ ನನ್ನ ತಟ್ಟೆಗೆ ಇನ್ನೊಂದು ಸೌಟು ಬಡಿಸಿದ. ಬೈದಿದ್ದರೆ ಚೆನ್ನಾಗಿತ್ತು.

ನಿನ್ನ ಸೊಂಟ ಬೇಗ ಗಟ್ಟಿಯಾಗಲಿ. ಬಂದು ನನಗೆ ಹೊಡೆಯಲಾದರೂ ಕೋಲು ಬಿಟ್ಟು ನಿಲ್ಲುವಂತಾಗಲಿ. ನಿನ್ನ ಮಗಳು ನಿಕೊಲೆತ್ತಾಳಿಗೂ ಅವಳ ಮಕ್ಕಳಿಗೂ ಮರಿಯಮ್ಮನ ರಕ್ಷೆಯಿರಲಿ. ಅವರು ಸಮುದ್ರದಲ್ಲಿ ಬಹಳ ದೂರ ಈಜದಿರಲಿ. ನಿನ್ನ ಆಶೀರ್ವಾದ ಕೇಳುವ ಮುಖ ನನಗಿಲ್ಲ. ಆದರೂ ಕೇಳುತ್ತೇನೆ.

ನಿನ್ನ ತಮ್ಮ,
ಪ್ರೊಸ್ಪೆರೊ

ಮರೆತ ಮಾತು (ಮರೆತಿರಲಿಲ್ಲ):

ಬರೀ ಕೋಟು ಎಂದು ಬರೆದೆ. ಅಲ್ಲ ಅಕ್ಕಾ. ಮುಖವೂ ಹೋಗಿದೆ.

ಬನಿಯನ್ ಹೊಸದಾದರೆ ಮುಖವೂ ಹೊಸದೇ ಎಂದು ಅವಳು ಅದನ್ನೂ ಕೆರೆದಿದ್ದಾಳೆ. ಈಗ ಅಲ್ಲಿರುವವನು ಚೆಲುವ, ಮೀಸೆಯಿದೆ, ಬಾಯಿ ಮುಚ್ಚಿದ್ದಾನೆ. ನಿನ್ನೆ ಅವಳಿಗೆ ಎಲ್ಲವನ್ನೂ ಹೇಳಿದೆ. ಸಾರುವೆಯ ಹಲಗೆಯ ಮೇಲೆ ಕುಸಿದು ಕೂತಳು. ಆಮೇಲೆ ಪೆನ್ಸಿಲ್ಲು ತೆಗೆದು, "ಸಾರುವೆ ಸೋಮವಾರದ ತನಕ ಇರುತ್ತೆ. ಮುಖ ಹೇಗಿತ್ತು ಹೇಳಿ, ಬರೀತೀನಿ" ಎಂದಳು. ತೇಪೆ ಎಲ್ಲಿತ್ತು ಎಂದು ಹೇಳಿದೆ. ಫೊಕಾಚ್ಚಾ ಯಾವ ಕೈಯಲ್ಲಿತ್ತು ಎಂದೂ ಹೇಳಿದೆ. ಕಣ್ಣು ಹೇಗಿತ್ತು ಎಂದು ಕೇಳಿದಾಗ ನನಗೆ ಗೊತ್ತಾಗಲಿಲ್ಲ. ಇಡೀ ಊರಿಗೆ ಅವನನ್ನು ತೋರಿಸಿದವನು ನಾನು. ಅವನ ಕಣ್ಣು ಎತ್ತ ನೋಡುತ್ತಿತ್ತು ಎಂಬುದನ್ನೇ ನೋಡಿರಲಿಲ್ಲ. ಕೆಳಗಿನಿಂದ ತೊಮಾಸೀನಾ ಕೂಗಿದಳು: "ಅವನು ನೋಡ್ತಿದ್ದಿದ್ದು ನಿನ್ನನ್ನಲ್ಲ ಕಣೋ. ಅವಳನ್ನ. ಅವಳಿಗೇ ಗೊತ್ತಿರುತ್ತೆ."

ನಿನ್ನ ಪ್ರಾರ್ಥನೆ ಪುಸ್ತಕದೊಳಗೆ ರೆಕ್ಕೊದ ಸಮುದ್ರದಂಡೆಯಲ್ಲಿ ತೆಗೆಸಿದ ಫೋಟೋ ಇದೆಯಲ್ಲ, ಅವನು ಬಾಯಿತುಂಬ ತಿನ್ನುತ್ತಿರುವುದು. ಅದನ್ನು ತೊಮಾಸೀನಾಳ ಕೈಯಲ್ಲಿ ಕಳಿಸು. ನಿನಗೆ ಬೈಯಲು ಹೊರಟಾಗ ಅವನ ಯಾವ ಕಣ್ಣು ಚಿಕ್ಕದಾಗುತ್ತಿತ್ತು ಎಂದು ಫೋಟೋದ ಹಿಂಬದಿಯಲ್ಲಿ ಬರೆ. ಪೆನ್ಸಿಲ್ಲಿನಲ್ಲಿ ಬರೆ, ಒತ್ತಬೇಡ. ಮತ್ತೆ, ದಯವಿಟ್ಟು ಎರಡು ರಟ್ಟಿನ ನಡುವೆ ಇಟ್ಟು ಕೊಡು. ತೊಮಾಸೀನಾ ಕೈಗೆ ಸಿಕ್ಕಿದ್ದನ್ನೆಲ್ಲ ಮಡಚಿ ಚೀಲಕ್ಕೆ ತುರುಕುತ್ತಾಳೆ.