ಕೃತ್ತಿಕೆ ಎಣಿಸಿದವಳಿಗೆ ಸಣ್ಣ ಕುಂಚ

ಕಲಘಟಗಿ
೨ ಡಿಸೆಂಬರ್ ೧೯೮೫, ಸೋಮವಾರ

ಮಗಳೇ ಮಾದೇವಿ,

ಸಿಟ್ಟಿನಲ್ಲಿ ಕೂತವಳಿಗೆ ಅವ್ವನ ಆಶೀರ್ವಾದ ಮುಟ್ಟುತ್ತದೋ ಇಲ್ಲವೋ ತಿಳಿಯದು. ಆದರೂ ಮೊದಲು ಅದನ್ನೇ ಕಳಿಸುತ್ತಿದ್ದೇನೆ, ತೆಗೆದುಕೋ. ಅಕ್ಷರ ದೊಡ್ಡವಾಗಿವೆ, ಸಾಲುಗಳು ಡೊಂಕಾಗಿವೆ. ಪೆನ್ನು ಸರಿಯಿಲ್ಲ.

ನಿನ್ನ ಪತ್ರ ಶುಕ್ರವಾರ ಬಂತು. ‘ಕುಬಸದ ದಿನ ಮಂದಿ ಎಲ್ಲಾ ನಿನ್ನ ತವರಮನಿಯವರು ಎಲ್ಲಿ ಅಂತ ಕೇಳಿದ್ರು, ನಾ ನೆಲಾ ನೋಡಕೋತ ಕುಂತೆ’ ಎಂದು ಬರೆದಿದ್ದೀ. ಚೊಚ್ಚಲ ಬಸುರಿಗೆ ಕುಬಸದ ಸೀರೆ ಉಡಿಸಿ, ಉಡಿ ತುಂಬಿ, ಹೆರಿಗೆಗೆ ಕರೆದುಕೊಂಡು ಬರಬೇಕಾದ ಅವ್ವ ಬರಲಿಲ್ಲ. ಬಂದದ್ದು ಒಂದು ಕಾರ್ಡು: ಕೃತ್ತಿಕೆಯಲ್ಲಿ ಬಾಲದ ಚುಕ್ಕಿ ಕೂತಿದೆ, ಶನಿವಾರ ನಾನೇ ಕಂಡೆ, ಬಸುರಿಯಾದವಳು ಹೊರಗೆ ಬರಬಾರದು, ಅಲ್ಲೇ ಇರು. ಡಿಸೆಂಬರ್ ಎಂಟರ ರವಿವಾರದೊಳಗೆ ಯಾರೂ ಬರದಿದ್ದರೆ ನವಲಗುಂದದಲ್ಲೇ ಹೆರುತ್ತೇನೆ, ಆಮೇಲೆ ನಿನ್ನ ಹೊಸ್ತಿಲು ತುಳಿಯುವುದಿಲ್ಲ ಎಂದಿದ್ದೀ. ನೀನು ಆಡಿದ್ದನ್ನು ಮಾಡುವವಳು. ಅದಕ್ಕೇ ನನಗೆ ಹೆದರಿಕೆ.

ಮಗಳೇ, ಪೆನ್ನು ಸರಿಯಾಗಿದೆ. ಕಣ್ಣು ಸರಿಯಿಲ್ಲ.

ಇದನ್ನು ಬರೆಯುವ ಮೊದಲು ಎರಡು ಹಾಳೆ ಹರಿದು ಹಾಕಿದೆ. ನಮ್ಮ ಮನೆಯ ಪದ್ಧತಿ ನಿನಗೆ ಗೊತ್ತಿದ್ದದ್ದೇ, ಆದರೆ ಅಳಿಯಂದಿರೂ ಓದುತ್ತಾರೆ, ಬರೆದುಬಿಡುತ್ತೇನೆ. ನಾವು ಮಾಡಿ ಮಾರುವ ತೊಟ್ಟಿಲ ಮೇಲಿನ ದೇವರಿಗೆ, ಗಿಳಿಗೆ, ಹಂಸಕ್ಕೆ ಕಣ್ಣು ಬರೆಯುವ ಸಣ್ಣ ಕುಂಚವನ್ನು ಮನೆಯಲ್ಲಿ ಒಬ್ಬಳೇ ಹಿಡಿಯಬೇಕು. ದೀಪಾವಳಿ ಮುಗಿದ ಮೊದಲ ಶನಿವಾರ ಮುಸ್ಸಂಜೆ ದಾಟಿದ ಮೇಲೆ ಅವಳು ಅಂಗಳದಲ್ಲಿ ನಿಂತು ಕೃತ್ತಿಕೆಯ ಚುಕ್ಕಿಗಳನ್ನು ಎಣಿಸಬೇಕು. ಆರು ಕಂಡರೆ ಕುಂಚ ಇನ್ನೊಂದು ವರ್ಷ ಅವಳದು. ಕಡಿಮೆಯಾದರೆ ಕುಂಚ ಕೆಳಗಿಟ್ಟು ಅರಗಿನ ಬಣ್ಣ ಅರೆಯಲು ಕೂಡಬೇಕು. ನಾನು ಸೊಸೆಯಾಗಿ ಬಂದ ವರ್ಷ ನನ್ನ ಅತ್ತೆ, ನಿಮ್ಮ ಆಯಿ ಸಾವಕ್ಕ ನನ್ನನ್ನು ನಿಲ್ಲಿಸಿ ಕೇಳಿದಳು. ಆರು ಎಂದೆ. ಅವತ್ತು ಅವಳಿಗೆ ಕಂಡದ್ದು ನಾಲ್ಕು. ಕುಂಚ ನನ್ನ ಕೈಗಿಟ್ಟು ಒಳಗೆ ಹೋದಳು.

ಈ ಸಲದ ಶನಿವಾರ ನವೆಂಬರ್ ಹದಿನಾರಕ್ಕೆ ಬಂತು. ಕತ್ತೆತ್ತಿ ನೋಡಿದರೆ ಆರೂ ಇಲ್ಲ, ನಾಲ್ಕೂ ಇಲ್ಲ. ಹಿಂಜಿದ ಅರಳೆಯ ಚೂರೊಂದು ಅಂಟಿಕೊಂಡ ಹಾಗೆ ಬರೀ ಮಸುಕು, ಒಂದು ಕಡೆ ಸ್ವಲ್ಪ ಬಾಲ. ಕುಂಚ ಕೈಬಿಟ್ಟಿತು ಎಂದುಕೊಂಡೆ. ಅಷ್ಟರಲ್ಲಿ ಮುದಕಪ್ಪ ಕಾಕಾ ಬೆಳಿಗ್ಗೆ ಪೇಪರಿನಲ್ಲಿ ಓದಿದ್ದು ನೆನಪಾಯಿತು. ಎಪ್ಪತ್ತಾರು ವರ್ಷಕ್ಕೊಮ್ಮೆ ಬರುವ ಬಾಲದ ಚುಕ್ಕಿ ಈಗ ಕೃತ್ತಿಕೆಯ ಹತ್ತಿರವೇ ಇದೆಯಂತೆ. ನನಗೆ ಎಷ್ಟು ಸಮಾಧಾನವಾಯಿತೆಂದು ಹೇಗೆ ಹೇಳಲಿ! ನನ್ನ ಕಣ್ಣಿನದೇನೂ ತಪ್ಪಿಲ್ಲ, ಅದು ಬಂದು ಆರನ್ನೂ ಮುಚ್ಚಿಕೊಂಡು ಕೂತಿದೆ. ಊರೆಲ್ಲ ಹೆದರಿದ ಚುಕ್ಕಿಯನ್ನು ಕಂಡು ಕೈಮುಗಿದವಳು ನಾನೊಬ್ಬಳೇ ಇರಬೇಕು. ಓಣಿಯಲ್ಲಿ ಸಿಕ್ಕವರಿಗೆಲ್ಲ ‘ಬಾಲದ ಚುಕ್ಕಿ ಕೃತ್ತಿಕಿ ನುಂಗೇತಿ, ನಾ ಕಣ್ಣಾರೆ ಕಂಡೇನಿ’ ಎಂದು ಹೇಳುತ್ತಾ ಬಂದೆ.

ನನ್ನ ಮೈದುನ, ನಿನ್ನ ಕಾಕಾ ಮಾತ್ರ ನಂಬಲಿಲ್ಲ. ಅಳ್ನಾವರದ ಗಿರಾಕಿಯೊಬ್ಬರು ಹಿಂದಿನ ತಿಂಗಳು ತೊಟ್ಟಿಲು ಹಿಂದಕ್ಕೆ ಕಳಿಸಿದ್ದರು. ಆಗ ಅವನು ಹಂಸದ ಮೇಲೆ ಬೆರಳಿಟ್ಟು, ‘ವೈನಿ, ಕಣ್ಣ ಕೊಕ್ಕಿಗಿ ಬಂದೈತಲ್ಲ’ ಎಂದಿದ್ದ. ಕೈ ನಡುಗಿತು ಎಂದು ಜಾರಿಕೊಂಡಿದ್ದೆ.

ಇನ್ನು ಕುಬಸದ ಮಾತು. ನಾನು ಹೊರಟಿದ್ದೆ, ಮಾದೇವಿ. ಹಿಂದಿನ ದಿನವೇ ಹಸಿರು ಸೀರೆ, ಬಳೆ, ಐದು ಥರದ ಉಂಡಿ ಗಂಟು ಕಟ್ಟಿಕೊಂಡು ಹೊರಟೆ. ಕಾಕಾ ಜೊತೆಗೆ ಬರುತ್ತೇನೆಂದರೂ ಬೇಡವೆಂದೆ. ಹುಬ್ಬಳ್ಳಿಯಲ್ಲಿ ಬಸ್ಸಿನ ಬೋರ್ಡು ಓದಲಾಗಲಿಲ್ಲ. ಕೇಳಲು ನಾಚಿಕೆ, ನಾಲ್ಕನೆಯ ಇಯತ್ತೆ ಕಲಿತವಳು ನಾನು. ಗದ್ದಲವಿದ್ದ ಬಸ್ಸು ನಿನ್ನೂರಿನದೇ ಇರಬೇಕೆಂದು ಹತ್ತಿದೆ. ಎಷ್ಟೋ ದೂರ ಹೋದ ಮೇಲೆ ಕಂಡಕ್ಟರ್ ಬಂದು, ‘ಯವ್ವಾ, ಬೋರ್ಡ ಕಾಣಲಿಲ್ಲೇನ ನಿನಗ? ಇದು ಗದಗಿಗಿ ಹೋಗೂದು’ ಎಂದ. ಎಲ್ಲರೂ ತಿರುಗಿ ನೋಡಿದರು. ನಾನೂ ನಕ್ಕೆ. ಅಣ್ಣಿಗೇರಿಯಲ್ಲಿ ಇಳಿಸಿ ಹೋದರು. ಅಲ್ಲಿಂದಲೂ ನಿನ್ನೂರಿಗೆ ದಾರಿ ಇದೆಯೆಂದು ಗೊತ್ತಿತ್ತು, ಆದರೆ ಮತ್ತೊಂದು ಬಸ್ಸು ಹತ್ತುವ ಧೈರ್ಯ ಬರಲಿಲ್ಲ. ಗಂಟನ್ನು ಮಡಿಲಲ್ಲಿಟ್ಟುಕೊಂಡು ಗಿಡದ ಕೆಳಗೆ ಕೂತು ಅತ್ತೆ. ಹಳ್ಯಾಳದ ಕಡೆ ಹೊರಟಿದ್ದ ಪುಣ್ಯಾತ್ಗಿತ್ತಿ ರಹೀಮಾಬಿ ಎನ್ನುವವಳು ಕೈಹಿಡಿದು ಕಲಘಟಗಿಯವರೆಗೆ ಮುಟ್ಟಿಸಿದಳು. ಮನೆಗೆ ಬಂದು ಕಾಕಾನಿಗೆ, ಅಪಶಕುನವಾಯಿತು, ಅರ್ಧ ದಾರಿಗೆ ತಿರುಗಿದೆ ಎಂದೆ. ನಿನಗೆ ಆ ಕಾರ್ಡು ಬರೆದೆ. ವಿಚಿತ್ರ ನೋಡು, ಬರೆದ ಮೇಲೆ ನನಗೇ ಹೆದರಿಕೆ ಹತ್ತಿತು. ಸುಳ್ಳಿಗೆ ತಂದ ಚುಕ್ಕಿ ಖರೇನೇ ನಿನ್ನ ಹೊಟ್ಟೆಯ ಮೇಲೆ ಕಣ್ಣು ಹಾಕಿದರೆ ಎಂದು ದಿನಾ ನಿನ್ನ ಹೆಸರಿನಲ್ಲಿ ದೀಪ ಹಚ್ಚಿದೆ.

ನಿನ್ನ ಪತ್ರದ ಜೊತೆಗೆ ಅಳಿಯಂದಿರು ಒಂದು ಹಾಳೆ ಇಟ್ಟಿದ್ದರು. ಬೈದಿರಬೇಕೆಂದು ಎರಡು ದಿನ ಬಿಚ್ಚಲಿಲ್ಲ. ಹೊಳಬಸಪ್ಪ ಮಾಸ್ತರರು ಬೈಯುವ ಪೈಕಿ ಅಲ್ಲವೆಂದು ನನಗೆ ತಿಳಿದಿರಬೇಕಿತ್ತು. ಶಾಲೆಯ ದುರ್ಬೀನಿನಲ್ಲಿ ಅದೇ ಶನಿವಾರ ಅವರೂ ನೋಡಿದರಂತೆ. ಬಾಲದ ಚುಕ್ಕಿ ಕೃತ್ತಿಕೆಯಿಂದ ಒಂದೆರಡು ಬೆರಳಿನಷ್ಟು ಬಾಜೂಕ ಇತ್ತಂತೆ, ಬರಿಗಣ್ಣಿಗೆ ಕಾಣುವಷ್ಟು ಬೆಳಕು ಅದಕ್ಕೆ ಇನ್ನೂ ಬಂದಿಲ್ಲವಂತೆ. ‘ಅತ್ತೀಯವರ, ನೀವು ನೋಡಿದ್ದು ಕೃತ್ತಿಕೀನ ಇರಬೇಕ್ರಿ’ ಎಂದಿದ್ದಾರೆ. ಮುಂದಿನದನ್ನು ಮೂರು ಸಲ ಓದಿದೆ. ಇನ್ನೂರು ವರ್ಷದ ಹಿಂದೆ ಫ್ರಾನ್ಸ್ ದೇಶದಲ್ಲಿ ಮೆಸಿಯೇ ಎಂಬ ಒಬ್ಬನಿದ್ದನಂತೆ. ಬಾಲದ ಚುಕ್ಕಿ ಹುಡುಕುವುದೇ ಅವನ ಕೆಲಸ. ಮಸುಕಾಗಿ ಕಂಡದ್ದನ್ನೆಲ್ಲ ಅದೇ ಎಂದು ತಿಳಿದು ಮೋಸ ಹೋದರೆ ಹೇಗೆ? ಅದಕ್ಕೆ, ಇದು ಬಾಲದ ಚುಕ್ಕಿಯಲ್ಲ, ಇದೂ ಅಲ್ಲ ಎಂದು ಒಂದು ಯಾದಿ ಮಾಡಿಟ್ಟ. ಅಚ್ಚಾದ ಮೊದಲ ಯಾದಿಯಲ್ಲಿ ಕೊನೆಯದು, ನಲವತ್ತೈದನೆಯದು, ನಮ್ಮ ಕೃತ್ತಿಕೆ. ಅವನಿಗಿಂತ ಮೊದಲು ಇಟಲಿಯವನೊಬ್ಬ, ದುರ್ಬೀನು ಹೊಸದಾಗಿ ಬಂದ ಕಾಲದಲ್ಲಿ, ಅದರಲ್ಲಿ ಮೂವತ್ತಾರು ಚುಕ್ಕಿ ಬರೆದಿಟ್ಟನಂತೆ. ಈಗ ಎಣಿಸಿದರೆ ಸಾವಿರದ ಮೇಲಂತೆ.

ಅಷ್ಟು ದೊಡ್ಡವನೂ ತನ್ನ ಕಣ್ಣು ಎಲ್ಲಿ ಮೋಸಹೋಗಬಹುದೆಂದು ಬರೆದಿಟ್ಟಿದ್ದಾನೆ. ನಾನೇಕೆ ಮುಚ್ಚಿಡಲಿ ಎನ್ನಿಸಿತು. ಅದಕ್ಕೇ ಈ ಪತ್ರ.

ರವಿವಾರ ಮುದಕಪ್ಪ ಕಾಕಾ ಬರುತ್ತಾನೆ. ಅವನ ಸಂಗಡ ಬಾ. ಸಾವಕಾಶ ಬಾ, ಹಿಂದಿನ ಸೀಟಿನಲ್ಲಿ ಕೂಡಬೇಡ, ಕುಲುಕುತ್ತದೆ. ನಾನು ಸ್ಟ್ಯಾಂಡಿನಲ್ಲಿ ನಿಂತಿರುತ್ತೇನೆ. ನೀನು ಎದುರಿಗೆ ಬಂದರೂ ನಾನು ಸುಮ್ಮನೆ ನಿಂತಿದ್ದರೆ ಬೇಕಂತಲೇ ಮಾಡಿದೆ ಎಂದುಕೊಳ್ಳಬೇಡ, ಒಂದು ದನಿ ಕೊಡು. ಡಾಕ್ಟರಿಗೆ ಇನ್ನೂ ತೋರಿಸಿಲ್ಲ, ಕಣ್ಣಿಗೆ ಪೊರೆ ಇರಬೇಕೆಂದು ಕಾಕಾ ಹೇಳುತ್ತಾನೆ. ನೀನು ಬಂದು ಎಲ್ಲಿಗೆ ಹೋಗೂಣು ಅಂದರೆ ಅಲ್ಲಿಗೆ ಬರುತ್ತೇನೆ. ಕೂಸು ಹುಟ್ಟಿ, ಅದರ ಮುಖವೂ ಅರಳೆಯ ಚೂರಿನ ಹಾಗೆ ಕಂಡರೆ ಏನು ಮಾಡಲಿ ಎನ್ನುವ ಒಂದೇ ಚಿಂತೆ ನನ್ನನ್ನು ತಿನ್ನುತ್ತಿದೆ.

ಬರುತ್ತೀಯಲ್ಲ?

ದಾರಿ ಕಾಯುವ ನಿನ್ನ ಅವ್ವ,
ಅನ್ನವ್ವ

ತಾ.ಕ.: ಈ ಹಾಳೆ ಬೇರೆ ಇಟ್ಟಿದ್ದೇನೆ, ನೀನೊಬ್ಬಳೇ ಓದು. ನಿನಗೆ ಹನ್ನೊಂದು ವರ್ಷವಿದ್ದಾಗ ಆಯಿ ನಿನ್ನನ್ನೂ ಅಂಗಳಕ್ಕೆ ಕರೆದಳು. ನೀನು ಮೊದಲು ನನ್ನ ಕಿವಿಯಲ್ಲಿ ‘ಯವ್ವಾ, ಎಂಟ ಅದಾವು’ ಎಂದೆ. ನಾನು ನಿನ್ನ ತೋಳು ಚಿವುಟಿ, ‘ಸುಳ್ಳ ಹೇಳಬ್ಯಾಡ, ಐದ ಅನ್ನು’ ಎಂದೆ. ನೀನು ಐದು ಎಂದೆ. ಆಯಿ ಮತ್ತೆ ನಿನ್ನನ್ನು ಕೇಳಲಿಲ್ಲ, ನೀನು ಮತ್ತೆ ಕುಂಚ ಮುಟ್ಟಲಿಲ್ಲ. ನಿನ್ನ ಕಣ್ಣು ಮಂದ ಎಂದು ಇವತ್ತಿಗೂ ನೀನೇ ಎಲ್ಲರಿಗೂ ಹೇಳುತ್ತೀ. ನೀನು ಸುಳ್ಳು ಹೇಳಿದ್ದಲ್ಲ ಎಂದು ನನಗೆ ಅವತ್ತೇ ಗೊತ್ತಿತ್ತು. ಆ ಮನೆಯಲ್ಲಿ ನನ್ನದು ಅಂತ ಇದ್ದದ್ದು ಆ ಕುಂಚ ಒಂದೇ, ಮಗಳಿಗೂ ಬಿಟ್ಟುಕೊಡಲಾಗಲಿಲ್ಲ. ನಿನ್ನ ಕೂಸಿನ ತೊಟ್ಟಿಲು ಮುಗಿದಿದೆ, ಕಣ್ಣುಗಳಷ್ಟೇ ಬಾಕಿ. ಕುಂಚ ಅದರೊಳಗೆ ಇಟ್ಟಿದ್ದೇನೆ. ನೀನು ಬಂದ ಸಂಜೆ ಅಂಗಳದಲ್ಲಿ ನಿಲ್ಲೋಣ. ಈ ಸಲ ಗಟ್ಟಿಯಾಗಿ ಎಣಿಸು.