ದನಿಹರಳು ಕೇಳಿದ ಮೊದಲ ಮಾತು

ಅಪ್ಪಾ,

ನೀವು ತೀರಿಕೊಂಡ ಮೇಲೆ ಮೊದಲ ಸಲ ಗಣಿಯಲ್ಲಿ ದನಿಹರಳು ಸಿಕ್ಕಿತು. ಅದನ್ನು ಹೊರಗಲ್ಲಿನಿಂದ ಬಿಡಿಸುವ ಕೆಲಸ ನನ್ನ ಪಾಲಿಗೆ ಬಂತು.

ಬಿಡಿಸಿದಾಗ ಕೇಳಿದ ಮೊದಲ ಸದ್ದನ್ನು ಅದು ಎಂದೂ ಬಿಡುವುದಿಲ್ಲ, ಬೆಚ್ಚಗಾದಾಗಲೆಲ್ಲ ಅದನ್ನೇ ನುಡಿಯುತ್ತದೆ ಎಂದು ಕಲಿಸಿದವರು ನೀವೇ. ಅದಕ್ಕೇ ನಿನ್ನೆ ಗಡಿಯಾರ ನಿಲ್ಲಿಸಿದೆ, ಕಿಟಕಿಗೆ ಕಂಬಳಿ ಕಟ್ಟಿದೆ, ಬೆಕ್ಕನ್ನು ಅತ್ತೆಯ ಮನೆಗೆ ಸಾಗಹಾಕಿದೆ. ಒದ್ದೆ ಬಟ್ಟೆಯಲ್ಲಿ ನೆನೆದ ಹೊರಗಲ್ಲು ಸದ್ದಿಲ್ಲದೆ ಕಳಚಿತು. ಒಳಗೆ ನೀವು ಹೇಳುತ್ತಿದ್ದ ಅದೇ ತಿಳಿ ಹಳದಿ. ನನ್ನ ಬಾಯಿಂದ ತಾನಾಗಿ ಬಂದುಬಿಟ್ಟಿತು: "ಅಪ್ಪಾ, ಬನ್ನಿ ಇಲ್ಲಿ, ನೋಡಿ."

ಹರಳು ಒಯ್ಯಲು ಇವತ್ತು ಅರಮನೆಯಿಂದ ಬಂದವರು ಅದನ್ನು ಅಂಗೈಯಲ್ಲಿ ಬೆಚ್ಚಗೆ ಮಾಡಿ ಕಿವಿಗೆ ಹಿಡಿದರು.

"ಹಾಳಾಯ್ತಲ್ಲಮ್ಮ. ರಾಣಿಯವರ ಮಾತಿಗೆ ಇನ್ನು ಇದರಲ್ಲಿ ಜಾಗ ಇಲ್ಲ."

"ಹೋಗ್ಲಿ ಬಿಡಿ, ನಮ್ಮನೇಲೇ ಇರಲಿ" ಎಂದೆ.

ನಾನು ಉಜ್ಜಿ ಮುಗಿಸಿದ ಹರಳನ್ನು ನೀವು ಗಿರಾಕಿಯ ಎದುರಿಗೇ ಮತ್ತೆ ಉಜ್ಜಿದ ದಿನದಿಂದ ನೀವು ಹೋಗುವವರೆಗೂ ಮೂರು ವರ್ಷ, ಮಾತು ಬಿಟ್ಟು ಈ ಕೋಣೆಯಲ್ಲಿ ಬೆನ್ನಿಗೆ ಬೆನ್ನು ಮಾಡಿ ಕೂತೆವು. ಕೆಲಸಕ್ಕೆ ಮೌನ ಬೇಕು ಎನ್ನುವುದು ಇಬ್ಬರಿಗೂ ಒಳ್ಳೆಯ ನೆಪವಾಗಿತ್ತು.

ಹರಳನ್ನು ನಿಮ್ಮ ಮೇಜಿನ ಮೇಲೆ ಇಟ್ಟಿದ್ದೇನೆ. ಈಗ ಅಲ್ಲಿಗೆ ಬಿಸಿಲು ಬಂದಿದೆ. ಬೆಚ್ಚಗಾದ ಹರಳು ನಿಮ್ಮನ್ನು ಕರೆಯುತ್ತಿದೆ. ನಾನು ಎಂದಿನಂತೆ ಬಾಯಿ ಮುಚ್ಚಿಕೊಂಡು ಕೂತಿದ್ದೇನೆ.